ಕರಡು ಬರೆದವರು, ಹೊತ್ತು ನಡೆದವರು



ಕಳೆದ ತಿಂಗಳು ನನ್ನ ಹಳೆಯ ಶಿಷ್ಯನೊಬ್ಬ ಮೊಬೈಲಿಗೆ ಒಂದು ಸಂದೇಶ ಕಳುಹಿಸಿದ್ದ. ಎಲ್ಲಿಂದಲೋ ಬಂದದ್ದನ್ನು ಹಾಗೆಯೇ ಮುಂದಕ್ಕೆ ದಾಟಿಸಿದ ಸಂದೇಶ ಅದು. ಭಾರತದ ಸಂವಿಧಾನವನ್ನು ನಿಜವಾಗಿ ಬರೆದವರು ನಮ್ಮ ಜಿಲ್ಲೆಯ ಬೆನಗಲ್ ನರಸಿಂಗ ರಾಯರು, ಡಾ. ಅಂಬೇಡ್ಕರರ ಹೆಸರು ಬರಿದೇ ಮುಂದೆ ಬಂತು ಎಂಬುದು ಅದರ ಸಾರಾಂಶ. ಕೆಳಗೆ ಅವನದೇ ಒಂದು ಸಾಲು: "ಮಾಸ್ಟ್ರೇ, ಇದನ್ನು ನೀವು ನಮಗೆ ಯಾಕೆ ಹೇಳಲಿಲ್ಲ?"

ಈ ಪ್ರಶ್ನೆ ನನ್ನನ್ನು ಎರಡು ರೀತಿಯಲ್ಲಿ ಚುಚ್ಚಿತು. ಬೆಳ್ತಂಗಡಿ, ಬಂಟ್ವಾಳ, ಮೂಡುಬಿದಿರೆಯ ಕಡೆಯ ಶಾಲೆಗಳಲ್ಲಿ ಮೂರು ದಶಕಗಳಿಗೂ ಮಿಕ್ಕಿ ಸಮಾಜ ಪಾಠ ಮಾಡಿದವನು ನಾನು. ಅಮೆರಿಕದ ಸ್ವಾತಂತ್ರ್ಯ ಸಂಗ್ರಾಮದ ಪಾಠ ಬಂದಾಗ ಬೆಂಜಮಿನ್ ಫ್ರಾಂಕ್ಲಿನ್, ಜೆಫರ್ಸನ್, ಜಾನ್ ಜೇ ಎಂದು ಹೆಸರುಗಳನ್ನು ಕರಿಹಲಗೆಯ ಮೇಲೆ ಬರೆದು ಬಾಯಿಪಾಠ ಮಾಡಿಸಿದ್ದೇನೆ. ನರಸಿಂಗ ರಾಯರ ಹೆಸರನ್ನು ಒಂದು ದಿನವೂ ಬರೆದವನಲ್ಲ. ಈ ತಪ್ಪು ನನ್ನದೇ, ಒಪ್ಪಿಕೊಳ್ಳುತ್ತೇನೆ. ಆದರೆ ಸಂದೇಶದ ಇನ್ನರ್ಧ ಸುಳ್ಳು, ಅದನ್ನು ಒಪ್ಪುವಂತಿಲ್ಲ. ಶಿಷ್ಯನಿಗೆ ಕೊಡಬೇಕಾದ ಉತ್ತರ ಮೊಬೈಲಿನ ಎರಡು ಸಾಲಿನಲ್ಲಿ ಮುಗಿಯುವಂಥದ್ದಲ್ಲವಾದ್ದರಿಂದ ಇಲ್ಲಿ ಬರೆಯುತ್ತಿದ್ದೇನೆ.

ನರಸಿಂಗ ರಾಯರು ಹುಟ್ಟಿದ್ದು 1887ರ ಫೆಬ್ರವರಿ 26ರಂದು, ಆಗಿನ ದಕ್ಷಿಣ ಕೆನರಾ ಜಿಲ್ಲೆಯಲ್ಲಿ, ಕೊಂಕಣಿ ಮನೆಮಾತಿನ ಚಿತ್ರಾಪುರ ಸಾರಸ್ವತ ಕುಟುಂಬದಲ್ಲಿ. ತಂದೆ ಬೆನಗಲ್ ರಾಘವೇಂದ್ರ ರಾಯರು ವೈದ್ಯರು. ಬಾಲಕ ಓದಿದ್ದು ಮಂಗಳೂರಿನ ಕೆನರಾ ಹೈಸ್ಕೂಲಿನಲ್ಲಿ. ಆ ಶಾಲೆಯನ್ನು 1891ರಲ್ಲಿ ಸ್ಥಾಪಿಸಿದವರು ಅಮ್ಮೆಂಬಳ ಸುಬ್ಬರಾವ್ ಪೈಗಳು. ಅವರ ಹೆಸರಿನಲ್ಲಿರುವ ಅಮ್ಮೆಂಬಳ ನಮ್ಮ ಬಂಟ್ವಾಳದ ಕಡೆಯ ಊರು. ಇಡೀ ಮದ್ರಾಸ್ ಪ್ರಾಂತ್ಯಕ್ಕೆ ಮೊದಲಿಗನಾಗಿ ತೇರ್ಗಡೆಯಾದ ಹುಡುಗ ಮುಂದೆ ಮದ್ರಾಸಿನಲ್ಲಿ ಪದವಿ ಪಡೆದು, ವಿದ್ಯಾರ್ಥಿವೇತನದ ಮೇಲೆ ಕೇಂಬ್ರಿಜ್ಜಿನ ಟ್ರಿನಿಟಿ ಕಾಲೇಜಿಗೆ ಹೋದ. 1909ರಲ್ಲಿ ಐ.ಸಿ.ಎಸ್. ಪರೀಕ್ಷೆಯಲ್ಲಿ ಉತ್ತೀರ್ಣನಾಗಿ ಮರುವರ್ಷ ಬಂಗಾಳದಲ್ಲಿ ನೌಕರಿ ಆರಂಭಿಸಿದ.

ಮೂವರು ಸೋದರರೂ ದೇಶದ ಇತಿಹಾಸದಲ್ಲಿ ಹೆಸರು ಬರೆಸಿದವರು. ಎರಡನೆಯವರಾದ ಬೆನಗಲ್ ರಾಮರಾಯರು ಅಮೆರಿಕದಲ್ಲಿ ಭಾರತದ ರಾಯಭಾರಿಯಾಗಿದ್ದು, 1949ರಿಂದ 1957ರ ತನಕ ರಿಸರ್ವ್ ಬ್ಯಾಂಕಿನ ಗವರ್ನರರಾಗಿದ್ದರು. ಪತ್ರಕರ್ತರಾಗಿದ್ದ ಬೆನಗಲ್ ಶಿವರಾಯರು ಸಂವಿಧಾನ ರಚನಾ ಸಭೆಯ ಸದಸ್ಯರು; 1952ರಲ್ಲಿ ಮೊದಲ ಲೋಕಸಭೆಗೆ ದಕ್ಷಿಣ ಕೆನರಾದ ದಕ್ಷಿಣ ಕ್ಷೇತ್ರದಿಂದ ಆರಿಸಿ ಹೋದವರು. ಅಣ್ಣ ತೀರಿಕೊಂಡ ಮೇಲೆ ಅವರ ಟಿಪ್ಪಣಿಗಳನ್ನು ಒಟ್ಟುಮಾಡಿ 1960ರಲ್ಲಿ ಗ್ರಂಥರೂಪದಲ್ಲಿ ಹೊರತಂದವರೂ ಈ ಶಿವರಾಯರೇ. ಅಷ್ಟನ್ನು ಅವರು ಮಾಡದಿರುತ್ತಿದ್ದರೆ ನರಸಿಂಗ ರಾಯರ ಕೆಲಸದ ಬಹುಭಾಗ ಸರಕಾರಿ ಕಡತಗಳಲ್ಲೇ ಉಳಿಯುತ್ತಿತ್ತು.

ನರಸಿಂಗ ರಾಯರದು ಭಾಷಣದ ವ್ಯಕ್ತಿತ್ವವಲ್ಲ, ಕರಡಿನ ವ್ಯಕ್ತಿತ್ವ. ಬಂಗಾಳ ಮತ್ತು ಅಸ್ಸಾಮುಗಳಲ್ಲಿ ದುಡಿದ ಅವರು 1935ರ ಭಾರತ ಸರಕಾರ ಕಾಯ್ದೆಯನ್ನು ಜಾರಿಗೆ ತರುವ ಕೆಲಸದಲ್ಲಿ ಪಳಗಿ, ಮುಂದೆ ಕಲ್ಕತ್ತಾ ಹೈಕೋರ್ಟಿನ ನ್ಯಾಯಾಧೀಶರಾದರು. ಸಿಂಧೂ ನದಿಯ ನೀರಿಗಾಗಿ ಪಂಜಾಬ್ ಮತ್ತು ಸಿಂಧ್ ಪ್ರಾಂತ್ಯಗಳು ಜಗಳವಾಡಿದಾಗ ನೇಮಕವಾದ ಆಯೋಗಕ್ಕೆ ಅವರೇ ಅಧ್ಯಕ್ಷರು. ಹಲವು ಪ್ರಾಂತ್ಯಗಳಲ್ಲಿ ಹರಿಯುವ ನದಿಯ ನೀರನ್ನು ಎಲ್ಲರ ಅಗತ್ಯ ನೋಡಿ ನ್ಯಾಯವಾಗಿ ಹಂಚಬೇಕು, ಮೇಲಿನವರೂ ತಮ್ಮದೇ ಎನ್ನುವಂತಿಲ್ಲ, ಕೆಳಗಿನವರೂ ತಮ್ಮದೇ ಎನ್ನುವಂತಿಲ್ಲ ಎಂಬುದು 1942ರ ಆ ವರದಿಯ ತಿರುಳು. ನೇತ್ರಾವತಿಯ ದಂಡೆಯಲ್ಲಿ ಬೆಳೆದು, ಎತ್ತಿನಹೊಳೆಯ ಚರ್ಚೆಯನ್ನು ವರ್ಷಗಟ್ಟಲೆ ಕೇಳಿದ ನಮಗೆ ಈ ಮಾತಿನ ತೂಕ ತಿಳಿಯದ್ದಲ್ಲ. 1944ರಲ್ಲಿ ನಿವೃತ್ತರಾದ ಮೇಲೆ ಜಮ್ಮು-ಕಾಶ್ಮೀರ ಸಂಸ್ಥಾನದ ಪ್ರಧಾನಮಂತ್ರಿಯಾಗಿ ಹೋದ ರಾಯರು, ಮಹಾರಾಜರೊಡನೆ ಅಭಿಪ್ರಾಯಭೇದ ಬಂದು 1945ರಲ್ಲಿ ಆ ಸ್ಥಾನವನ್ನು ಬಿಟ್ಟು ಬಂದರು.

1946ರ ಜುಲೈಯಲ್ಲಿ ಅವರು ಸಂವಿಧಾನ ರಚನಾ ಸಭೆಯ ಸಲಹೆಗಾರರಾದರು. ಇಲ್ಲಿ ಒಂದು ಸೂಕ್ಷ್ಮವನ್ನು ಗಮನಿಸಬೇಕು. ಅವರು ಸಭೆಯ ಸದಸ್ಯರಲ್ಲ. ಅವರಿಗೆ ಮತವಿರಲಿಲ್ಲ. ಸಂಬಳವನ್ನೂ ಅವರು ಪಡೆಯಲಿಲ್ಲ. ಗೌರವ ಸೇವೆಯೆಂದೇ ಅವರು ದುಡಿದುದನ್ನು ಸಭೆಯ ಅಧ್ಯಕ್ಷ ಡಾ. ರಾಜೇಂದ್ರ ಪ್ರಸಾದರು 1949ರ ನವೆಂಬರ್ 26ರಂದು ಕೃತಜ್ಞತೆಯಿಂದ ಸ್ಮರಿಸಿದ್ದಾರೆ. ಸದಸ್ಯರು ಒಂದು ವಿಷಯದ ಮೇಲೆ ಮಾತನಾಡುವ ಮೊದಲೇ ಬೇರೆ ದೇಶಗಳು ಅದನ್ನು ಹೇಗೆ ನಿಭಾಯಿಸಿವೆ ಎಂಬ ಪುಸ್ತಿಕೆ ಅವರ ಕೈಯಲ್ಲಿರುವಂತೆ ನೋಡಿಕೊಂಡವರು ರಾಯರು. ನೆರೆಯ ಬರ್ಮಾ ದೇಶವೂ ತನ್ನ 1947ರ ಸಂವಿಧಾನಕ್ಕೆ ಅವರ ನೆರವು ಪಡೆಯಿತು.

ಸಭೆಯ ವಿವಿಧ ಸಮಿತಿಗಳ ತೀರ್ಮಾನಗಳನ್ನು ಆಧರಿಸಿ ರಾಯರು 1947ರ ಅಕ್ಟೋಬರಿನಲ್ಲಿ ಮೊದಲ ಕರಡನ್ನು ಸಿದ್ಧಪಡಿಸಿದರು. ಅಂಬೇಡ್ಕರರು ಕೊಟ್ಟ ಲೆಕ್ಕದಂತೆ ಅದರಲ್ಲಿ 243 ವಿಧಿಗಳು, 13 ಅನುಸೂಚಿಗಳು. ಅಂಬೇಡ್ಕರರ ಅಧ್ಯಕ್ಷತೆಯ ಕರಡು ಸಮಿತಿ ಅದನ್ನು ಪರಿಶೀಲಿಸಿ, ತಿದ್ದಿ, ಕೂಡಿಸಿ, ಕಳೆದು 315 ವಿಧಿ ಮತ್ತು 8 ಅನುಸೂಚಿಗಳ ಹೊಸ ಕರಡನ್ನು ರೂಪಿಸಿತು. ಅದು ಸಭೆಯ ಮುಂದೆ ಬಂದಾಗ ಸೂಚಿತವಾದ ತಿದ್ದುಪಡಿಗಳು 7,635. ಸಭೆಯಲ್ಲಿ ಮಂಡಿತವಾದವು 2,473. ಕೊನೆಗೆ ಅಂಗೀಕಾರವಾದದ್ದು 395 ವಿಧಿ, 8 ಅನುಸೂಚಿಗಳ ಸಂವಿಧಾನ.

ಈ ಅಂಕಿಗಳನ್ನು ಒಮ್ಮೆ ಎದುರಿಗಿಟ್ಟುಕೊಂಡು ನೋಡಿ. 243ರಿಂದ 395ಕ್ಕೆ ಬಂದ ದಾರಿಯಲ್ಲಿ ಪ್ರತಿಯೊಂದು ವಿಧಿಗೂ ಸಭೆಯಲ್ಲಿ ಎದ್ದುನಿಂತು ಉತ್ತರ ಕೊಟ್ಟವರು ಯಾರು? ಸಮಿತಿಯ ಏಳು ಜನರಲ್ಲಿ ಒಬ್ಬರು ರಾಜೀನಾಮೆ ಕೊಟ್ಟರು, ಒಬ್ಬರು ತೀರಿಕೊಂಡರು, ಒಬ್ಬರು ಅಮೆರಿಕದಲ್ಲಿದ್ದರು, ಉಳಿದ ಕೆಲವರಿಗೆ ಬೇರೆ ಕೆಲಸ ಅಥವಾ ಅನಾರೋಗ್ಯ. ಆದ್ದರಿಂದ ಭಾರವೆಲ್ಲ ಅಂಬೇಡ್ಕರರ ಹೆಗಲಿಗೇ ಬಿತ್ತು ಎಂದು ಸಮಿತಿಯ ಸದಸ್ಯರೇ ಆದ ಟಿ.ಟಿ. ಕೃಷ್ಣಮಾಚಾರಿಯವರು 1948ರ ನವೆಂಬರಿನಲ್ಲಿ ಸಭೆಗೆ ತಿಳಿಸಿದ್ದಾರೆ. ಇನ್ನು, ನರಸಿಂಗ ರಾಯರ ಹೆಸರನ್ನು ಮುಚ್ಚಿಟ್ಟವರು ಯಾರು ಎಂಬ ಪ್ರಶ್ನೆ. 1949ರ ನವೆಂಬರ್ 25ರಂದು, ತಮ್ಮ ಕೊನೆಯ ದೀರ್ಘ ಭಾಷಣದಲ್ಲಿ, ತಮಗೆ ಸಲ್ಲುತ್ತಿರುವ ಶ್ರೇಯಸ್ಸು ಪೂರ್ತಿ ತಮ್ಮದಲ್ಲ, ಅದರಲ್ಲೊಂದು ಪಾಲು ಕಚ್ಚಾ ಕರಡನ್ನು ಸಿದ್ಧಪಡಿಸಿದ ಸರ್ ಬಿ.ಎನ್. ರಾಯರದು ಎಂದು ಎಲ್ಲರ ಎದುರಿಗೆ ಹೇಳಿದವರು ಸ್ವತಃ ಅಂಬೇಡ್ಕರರು. ಭಾಷೆಯನ್ನು ಒಪ್ಪವಾಗಿಸಿದ ಎಸ್.ಎನ್. ಮುಖರ್ಜಿಯವರನ್ನೂ ಅವರು ಮರೆಯಲಿಲ್ಲ. ಮರೆತವರು ನಾವು, ನನ್ನಂಥ ಅಧ್ಯಾಪಕರು.

ಕರಡು ಸಿದ್ಧವಾದ ಮೇಲೆ ರಾಯರು ಸುಮ್ಮನೆ ಕೂರಲಿಲ್ಲ. ಆ ವರ್ಷದ ಕೊನೆಯಲ್ಲಿ ಅಮೆರಿಕ, ಕೆನಡಾ, ಐರ್ಲೆಂಡ್, ಇಂಗ್ಲೆಂಡುಗಳಿಗೆ ಹೋಗಿ, ತಾವು ಬರೆದದ್ದನ್ನು ಅಲ್ಲಿಯ ಬಲ್ಲವರೊಡನೆ ಚರ್ಚಿಸಿದರು. ಅಮೆರಿಕದ ಸಂವಿಧಾನ ರಚನೆಯಾದದ್ದು 1787ರಲ್ಲಿ. ಸರಿಯಾಗಿ 160 ವರ್ಷಗಳ ಮೇಲೆ ನಮ್ಮ ಜಿಲ್ಲೆಯ ಒಬ್ಬರು ಅಲ್ಲಿಯ ನ್ಯಾಯಮೂರ್ತಿಗಳ ಬಳಿ ಕುಳಿತು, "ನಿಮಗೆ ಇಷ್ಟು ವರ್ಷಗಳಲ್ಲಿ ಯಾವುದು ತೊಡಕಾಯಿತು?" ಎಂಬರ್ಥದ ಪ್ರಶ್ನೆಗಳನ್ನು ಕೇಳುತ್ತಿದ್ದರು. ಅಂಥ ಒಂದು ಮಾತುಕತೆ ನಮ್ಮೆಲ್ಲರ ಬದುಕನ್ನು ಮುಟ್ಟಿತು.

ಅಮೆರಿಕದ ಸುಪ್ರೀಂ ಕೋರ್ಟಿನ ನ್ಯಾಯಮೂರ್ತಿ ಫೆಲಿಕ್ಸ್ ಫ್ರಾಂಕ್‌ಫರ್ಟರರು ರಾಯರಿಗೆ ಒಂದು ಎಚ್ಚರಿಕೆ ಕೊಟ್ಟರು. ವ್ಯಕ್ತಿಯ ಸ್ವಾತಂತ್ರ್ಯವನ್ನು ಕಸಿಯುವ ಮೊದಲು 'ಡ್ಯೂ ಪ್ರೋಸೆಸ್ ಆಫ್ ಲಾ' ಇರಬೇಕು, ಅಂದರೆ ಕಾನೂನಿನ ಕ್ರಮ ನ್ಯಾಯೋಚಿತವಾಗಿರಬೇಕು ಎಂದು ಅಮೆರಿಕದ ಸಂವಿಧಾನ ಹೇಳುತ್ತದೆ. ಯಾವುದು ನ್ಯಾಯೋಚಿತ ಎಂದು ತೀರ್ಮಾನಿಸುವವರು ನ್ಯಾಯಾಧೀಶರು. ಜನರು ಆರಿಸಿದ ಶಾಸನಸಭೆ ಮಾಡಿದ ಕಾನೂನನ್ನು ಕೆಲವೇ ನ್ಯಾಯಾಧೀಶರು ತಳ್ಳಿಹಾಕುವುದು ಪ್ರಜಾಪ್ರಭುತ್ವಕ್ಕೆ ಒಪ್ಪುವುದಿಲ್ಲ, ನ್ಯಾಯಾಲಯಕ್ಕೂ ಅದು ಹೊರಲಾಗದ ಹೊರೆ ಎಂಬುದು ಫ್ರಾಂಕ್‌ಫರ್ಟರರ ಅಭಿಪ್ರಾಯ. ರಾಯರಿಗೆ ಅದು ಮನದಟ್ಟಾಯಿತು. ಕರಡು ಸಮಿತಿಯೂ ಒಪ್ಪಿತು. ಜಪಾನಿನ ಸಂವಿಧಾನದಲ್ಲಿದ್ದ ಮಾದರಿಯಲ್ಲಿ 'ಕಾನೂನಿನಿಂದ ಸ್ಥಾಪಿತವಾದ ಕಾರ್ಯವಿಧಾನ' ಎಂಬ ಮಾತು ನಮ್ಮ 21ನೆಯ ವಿಧಿಗೆ ಬಂತು. ಶಾಸನಸಭೆ ಒಂದು ಕಾನೂನು ಮಾಡಿ ಅದರಂತೆ ಬಂಧಿಸಿದರೆ ಸಾಕು, ಆ ಕಾನೂನು ನ್ಯಾಯವೋ ಅನ್ಯಾಯವೋ ಎಂದು ಕೇಳುವಂತಿಲ್ಲ ಎಂಬುದು ಅದರ ಪರಿಣಾಮ.

ಪರಿಣಾಮವನ್ನು ಮೊದಲು ಅನುಭವಿಸಿದವರಲ್ಲಿ ಕಮ್ಯುನಿಸ್ಟ್ ನಾಯಕ ಎ.ಕೆ. ಗೋಪಾಲನ್ ಒಬ್ಬರು. ಮದ್ರಾಸಿನ ಸೆರೆಮನೆಯಲ್ಲಿ ಮುನ್ನೆಚ್ಚರಿಕೆಯ ಬಂಧನದಲ್ಲಿದ್ದ ಅವರು ಸುಪ್ರೀಂ ಕೋರ್ಟಿಗೆ ಹೋದರು. 1950ರ ಮೇ ತಿಂಗಳಲ್ಲಿ ಬಂದ ತೀರ್ಪಿನಲ್ಲಿ ನ್ಯಾಯಾಲಯ 21ನೆಯ ವಿಧಿಯನ್ನು ಅಕ್ಷರಶಃ ಓದಿತು. ಗೋಪಾಲನರಿಗೆ ಬಿಡುಗಡೆ ಸಿಗಲಿಲ್ಲ. ಮುಂದೆ 1957ರಿಂದ ಸತತ ಮೂರು ಬಾರಿ ಕಾಸರಗೋಡಿನಿಂದ ಲೋಕಸಭೆಗೆ ಆರಿಸಿಹೋದವರು ಇದೇ ಗೋಪಾಲನ್. 1976ರಲ್ಲಿ, ತುರ್ತುಪರಿಸ್ಥಿತಿಯ ಕಾಲದಲ್ಲಿ, ಬಂಧಿತರು ನ್ಯಾಯಾಲಯದ ಬಾಗಿಲು ತಟ್ಟುವಂತಿಲ್ಲ ಎಂದು ಸುಪ್ರೀಂ ಕೋರ್ಟು ಹೇಳಿದ ದಿನಗಳನ್ನು ನಾನೇ ಕಂಡಿದ್ದೇನೆ. ಆ ದಿನಗಳಲ್ಲಿ ಅಧ್ಯಾಪಕರ ಕೊಠಡಿಯಲ್ಲಿ ನಾವು ಮಾತನಾಡುತ್ತಿದ್ದುದು ಮಳೆಯ ವಿಷಯ, ಅಡಿಕೆಯ ಧಾರಣೆಯ ವಿಷಯ, ಅಷ್ಟೆ.

1978ರ ಮೇನಕಾ ಗಾಂಧಿ ಪ್ರಕರಣದಲ್ಲಿ ನ್ಯಾಯಾಲಯ ದಾರಿ ಬದಲಿಸಿತು. ಕಾರ್ಯವಿಧಾನವೆಂದರೆ ಕಾಗದದ ಮೇಲಿದ್ದರೆ ಸಾಲದು, ಅದು ನ್ಯಾಯಯುತವೂ ವಿವೇಕಯುತವೂ ಆಗಿರಬೇಕು ಎಂದಿತು. ಫ್ರಾಂಕ್‌ಫರ್ಟರರ ಮಾತು ಕೇಳಿ ಬಿಟ್ಟದ್ದು ಹಿಂಬಾಗಿಲಿನಿಂದ ಒಳಬಂದಂತಾಯಿತು. 2017ರಲ್ಲಿ, ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ.ಎಸ್. ಪುಟ್ಟಸ್ವಾಮಿಯವರ ಪ್ರಕರಣದಲ್ಲಿ, ಖಾಸಗಿತನವೂ ಅದೇ 21ನೆಯ ವಿಧಿಯಲ್ಲಿ ಅಡಗಿರುವ ಹಕ್ಕು ಎಂದು ಒಂಬತ್ತು ನ್ಯಾಯಮೂರ್ತಿಗಳ ಪೀಠ ಒಮ್ಮತದಿಂದ ತೀರ್ಪಿತ್ತಿತು.

ಹಾಗಾದರೆ ನರಸಿಂಗ ರಾಯರು ತಪ್ಪಿದರೇ? ಈ ಒಂದು ವಿಷಯದಲ್ಲಿ ಅವರ ಸಲಹೆ ದೇಶಕ್ಕೆ ದುಬಾರಿಯಾಯಿತೆಂದೇ ನನ್ನ ಭಾವನೆ. ಆದರೆ ಅವರ ಭಯವೂ ಸುಳ್ಳಲ್ಲ. ಭೂಸುಧಾರಣೆಯಂಥ ಕಾನೂನುಗಳನ್ನು ನ್ಯಾಯಾಲಯಗಳು ಬದಿಗೆ ಸರಿಸಿದರೆ ಬಡವರ ಗತಿಯೇನು ಎಂಬ ಚಿಂತೆ ಆಗ ಅನೇಕರನ್ನು ಕಾಡುತ್ತಿತ್ತು. ಅಂಬೇಡ್ಕರರೂ 1948ರ ಡಿಸೆಂಬರಿನ ಚರ್ಚೆಯಲ್ಲಿ ಎರಡು ಕಡೆಯ ಅಪಾಯವನ್ನೂ ತೂಗಿ ನೋಡಿ, ತೀರ್ಮಾನವನ್ನು ಸಭೆಗೇ ಬಿಟ್ಟರು. ಮರುವರ್ಷ ಬಂಧಿತರಿಗೆ ಕೆಲವು ರಕ್ಷಣೆಗಳನ್ನು ಕೊಡುವ ಇನ್ನೊಂದು ವಿಧಿಯನ್ನು ತಾವೇ ತಂದು ಸೇರಿಸಿದರು. ಅದೇ ಇಂದಿನ 22ನೆಯ ವಿಧಿ.

ಇನ್ನು ರಾಯರ ರಾಜತಾಂತ್ರಿಕ ಜೀವನ. 1950 ಮತ್ತು 1951ರಲ್ಲಿ ಭಾರತ ವಿಶ್ವಸಂಸ್ಥೆಯ ಭದ್ರತಾ ಮಂಡಳಿಯ ಸದಸ್ಯ ರಾಷ್ಟ್ರವಾಗಿತ್ತು. ಪ್ರತಿನಿಧಿ ನರಸಿಂಗ ರಾಯರು. 1950ರ ಜೂನ್ ತಿಂಗಳಲ್ಲಿ ಮಂಡಳಿಯ ಅಧ್ಯಕ್ಷತೆಯ ಸರದಿ ಭಾರತದ್ದು. ಆ ತಿಂಗಳ 25ರ ಭಾನುವಾರ ಕೊರಿಯಾದಲ್ಲಿ ಯುದ್ಧ ಸಿಡಿಯಿತು. ಅಂದು ಕರೆದ ತುರ್ತು ಸಭೆಯ ಅಧ್ಯಕ್ಷಪೀಠದಲ್ಲಿ ಇದ್ದವರು ರಾಯರು. ಉತ್ತರ ಕೊರಿಯಾದ ಸೇನೆ ಹಿಂದೆ ಸರಿಯಬೇಕೆಂಬ ನಿರ್ಣಯಕ್ಕೆ ಭಾರತವೂ ಮತ ಕೊಟ್ಟಿತು. ಆದರೆ ಅದೇ ಅಕ್ಟೋಬರಿನಲ್ಲಿ ಅಮೆರಿಕದ ನೇತೃತ್ವದ ಸೇನೆ 38ನೆಯ ಅಕ್ಷಾಂಶವನ್ನು ದಾಟಿ ಉತ್ತರಕ್ಕೆ ನುಗ್ಗುವುದನ್ನು ಭಾರತ ಬೆಂಬಲಿಸಲಿಲ್ಲ; ಚೀನಾ ಯುದ್ಧಕ್ಕಿಳಿಯುತ್ತದೆಂದು ಎಚ್ಚರಿಸಿತು. ಹಾಗೆಯೇ ಆಯಿತು. ಡಿಸೆಂಬರಿನಲ್ಲಿ ಕದನವಿರಾಮಕ್ಕೆ ದಾರಿ ಹುಡುಕಲು ವಿಶ್ವಸಂಸ್ಥೆ ನೇಮಿಸಿದ ಮೂವರು ಸಂಧಾನಕಾರರೆಂದರೆ ಇರಾನಿನ ಎಂತೆಜಾಮ್, ಕೆನಡಾದ ಲೆಸ್ಟರ್ ಪಿಯರ್ಸನ್ ಮತ್ತು ನಮ್ಮ ನರಸಿಂಗ ರಾಯರು.

ಸಂಧಾನ ಫಲಿಸಲಿಲ್ಲ. 1951ರ ಫೆಬ್ರವರಿ 1ರಂದು ಚೀನಾವನ್ನು ಆಕ್ರಮಣಕಾರಿ ಎಂದು ಸಾರುವ ನಿರ್ಣಯ ಮತಕ್ಕೆ ಬಂದಾಗ, ಪರವಾಗಿ ಬಂದ 44 ಮತಗಳ ಎದುರು ವಿರೋಧ ಮತಗಳು ಏಳೇ ಏಳು. ಅವುಗಳಲ್ಲಿ ಭಾರತದ್ದೂ ಒಂದು. ಹೆಸರು ಇಟ್ಟು ಬೈದ ಮೇಲೆ ಸಂಧಾನದ ಬಾಗಿಲು ಮುಚ್ಚುತ್ತದೆ ಎಂಬುದು ಭಾರತದ ನಿಲುವು. ನಮ್ಮೂರಿನ ಪಂಚಾತಿಕೆಗಳನ್ನು ಕಂಡವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ.

1952ರ ಫೆಬ್ರವರಿಯಲ್ಲಿ ರಾಯರು ಹೇಗ್ ನಗರದ ಅಂತರರಾಷ್ಟ್ರೀಯ ನ್ಯಾಯಾಲಯದ ನ್ಯಾಯಾಧೀಶರಾದರು. ಅವಧಿ ಮುಗಿಸುವ ಯೋಗ ಅವರಿಗಿರಲಿಲ್ಲ. 1953ರ ನವೆಂಬರ್ 30ರಂದು ಸ್ವಿಟ್ಜರ್ಲೆಂಡಿನ ಜ್ಯೂರಿಕ್ ನಗರದಲ್ಲಿ ಅನಾರೋಗ್ಯದಿಂದ ತೀರಿಕೊಂಡರು. ಅಮೆರಿಕದ ಜಾನ್ ಜೇ ಪ್ಯಾರಿಸಿನಲ್ಲಿ ಸಂಧಾನ ಮಾಡಿದ ರಾಜತಾಂತ್ರಿಕ, ಹೊಸ ದೇಶದ ಮುತ್ಸದ್ದಿ, ಅದರ ಮೊದಲ ಮುಖ್ಯ ನ್ಯಾಯಮೂರ್ತಿ ಎಂದು ಮಕ್ಕಳಿಗೆ ಹೇಳಿಕೊಡುತ್ತಿದ್ದೆನಲ್ಲ, ಅದೇ ಮೂರೂ ಬಗೆಯ ಕೆಲಸ ಮಾಡಿದವರೊಬ್ಬರು ಮಂಗಳೂರಿನ ಶಾಲೆಯಲ್ಲಿ ಓದಿದ್ದರು. ಭಾರತ ಸರಕಾರ 1988ರಲ್ಲಿ ಅವರ ಅಂಚೆಚೀಟಿ ತಂದಿತು.

ಬೇಕೆಂದೇ ಒಂದು ವಿಷಯವನ್ನು ಕೊನೆಗೆ ಉಳಿಸಿಕೊಂಡಿದ್ದೇನೆ. ಅದು ಹಿಂದೂ ಕಾನೂನು. 1941ರಲ್ಲಿ ಹಿಂದೂ ಸ್ತ್ರೀಯರ ಆಸ್ತಿಹಕ್ಕಿನ ಪ್ರಶ್ನೆಯನ್ನು ಪರಿಶೀಲಿಸಲು ನೇಮಕವಾದ ಸಮಿತಿಗೆ ರಾಯರೇ ಅಧ್ಯಕ್ಷರು. 1944ರಲ್ಲಿ ಅದು ಮತ್ತೆ ರಚನೆಗೊಂಡು, ದೇಶದ ಹಲವೆಡೆ ಸಂಚರಿಸಿ ಜನರ ಹೇಳಿಕೆಗಳನ್ನು ಕೇಳಿ, 1947ರಲ್ಲಿ ವರದಿ ಕೊಟ್ಟಿತು. ವಿಧವೆಗೂ ಮಗಳಿಗೂ ಆಸ್ತಿಯಲ್ಲಿ ಹಕ್ಕು ಎಂದಾಗ ಎದ್ದ ಪ್ರತಿಭಟನೆ ಅಷ್ಟಿಷ್ಟಲ್ಲ. ಆ ಕರಡನ್ನು ಕಾನೂನು ಮಂತ್ರಿಯಾಗಿ ಹೊತ್ತವರು ಮತ್ತೆ ಅಂಬೇಡ್ಕರರು. ಅದು ಪಾರ್ಲಿಮೆಂಟಿನಲ್ಲಿ ನೆನೆಗುದಿಗೆ ಬಿದ್ದದ್ದು 1951ರ ಸೆಪ್ಟೆಂಬರಿನಲ್ಲಿ ಅವರು ಮಂತ್ರಿಪದವಿಗೆ ರಾಜೀನಾಮೆ ಕೊಡಲು ಒಂದು ಮುಖ್ಯ ಕಾರಣ. ಬಳಿಕ ಅದೇ ಸಂಹಿತೆ ಬಿಡಿಬಿಡಿಯಾಗಿ 1955-56ರಲ್ಲಿ ಕಾಯ್ದೆಗಳಾಗಿ ಬಂತು.

ನಮ್ಮ ತುಳುನಾಡಿನ ಅನೇಕ ಸಮುದಾಯಗಳಲ್ಲಿ ಅಳಿಯಸಂತಾನ ಕಟ್ಟು ನಡೆದುಬಂದಿತ್ತು. ಆಸ್ತಿ ತಾಯಿಯ ಕಡೆಯ ಕುಟುಂಬದ್ದು. ಗಂಡಸಿನ ನಂತರ ಅವನ ಪಾಲಿನ ಬಾಧ್ಯತೆ ಅಕ್ಕತಂಗಿಯರ ಸಂತಾನದ ಕಡೆಗೇ ಹೋಗುತ್ತಿತ್ತು, ಹೆಂಡತಿ ಮಕ್ಕಳಿಗಲ್ಲ. 1956ರ ಹಿಂದೂ ಉತ್ತರಾಧಿಕಾರ ಕಾಯ್ದೆ ಅಳಿಯಸಂತಾನವನ್ನು ಹೆಸರು ಹೇಳಿಯೇ ಉಲ್ಲೇಖಿಸಿ, ಕುಟುಂಬದ ಅಥವಾ ಕವರಿನ ಆಸ್ತಿಯಲ್ಲಿ ತೀರಿಕೊಂಡವನಿಗಿದ್ದ ಪಾಲು ಈ ಕಾಯ್ದೆಯಂತೆ ಅವನ ವಾರಸುದಾರರಿಗೆ ಹೋಗಬೇಕೆಂದು ವಿಧಿಸಿತು. ಬೆಳ್ತಂಗಡಿಯ ಗುತ್ತಿನ ಮನೆಗಳಿಂದ ಮೂಡುಬಿದಿರೆಯ ಜೈನರ ಮನೆಗಳ ತನಕ ಇದರ ಬಿಸಿ ತಟ್ಟದ ಮನೆ ವಿರಳ.

1973ರ ಒಂದು ಮಳೆಗಾಲದಲ್ಲಿ, ನಾನು ಬೆಳ್ತಂಗಡಿಯ ಕಡೆ ಕೆಲಸದಲ್ಲಿದ್ದಾಗ, ಎಂಟನೆಯ ತರಗತಿಯ ಹುಡುಗನೊಬ್ಬ ಸಂಜೆ ನನ್ನ ಬಿಡಾರಕ್ಕೆ ಬಂದ. ತಂದೆ ತೀರಿಕೊಂಡು ಕೆಲವೇ ತಿಂಗಳಾಗಿತ್ತು. ತಂದೆಯ ಕವರಿನವರು ತೋಟದ ಪಾಲು ಕೊಡಲು ತಕರಾರು ಮಾಡುತ್ತಿದ್ದರು. ಬಂಟ್ವಾಳದ ವಕೀಲರು ಕಾಯ್ದೆ ನಿಮ್ಮ ಪರವಾಗಿದೆ ಎಂದಿದ್ದರಂತೆ. "ಅಮ್ಮ ಕೇಳಿಕೊಂಡು ಬಾ ಎಂದಿದ್ದಾರೆ, ಒಂದು ಅರ್ಜಿ ಬರೆದುಕೊಡಬೇಕಂತೆ ಮಾಸ್ಟ್ರೇ" ಎಂದ. ಲಾಟೀನಿನ ಬೆಳಕಿನಲ್ಲಿ ಅರ್ಜಿ ಬರೆದುಕೊಟ್ಟೆ. ವರ್ಷ ಕಳೆಯುವುದರೊಳಗೆ ಪಾಲುಪಟ್ಟಿಯಾಗಿ, ತೋಟದ ಒಂದು ತುಂಡು ತಾಯಿ ಮಗನ ಹೆಸರಿಗೆ ಆಯಿತು. ಆ ತೋಟದ ಅಡಿಕೆಯಿಂದಲೇ ಅವನು ಕಾಲೇಜು ಓದಿದ.

ಕಳೆದ ತಿಂಗಳು ಸಂದೇಶ ಕಳುಹಿಸಿದವನು ಅವನೇ.

ಅವನಿಗೆ ನಾನು ಹೇಳಬೇಕಾದದ್ದು ಇಷ್ಟೆ: ಮಗೂ, ನಿನ್ನ ತಾಯಿಗೆ ತೋಟ ಕೊಡಿಸಿದ ಕಾನೂನಿನ ಮೊದಲ ಕರಡನ್ನು ಬರೆಸಿದವರು ನರಸಿಂಗ ರಾಯರು. ಅದನ್ನು ಎದೆಗೊಟ್ಟು ನಿಂತು ಹೊತ್ತವರು ಅಂಬೇಡ್ಕರರು. ಸಂವಿಧಾನದ ಕತೆಯೂ ಹಾಗೆಯೇ. ಒಬ್ಬರು ಬರೆದುಕೊಟ್ಟರು, ಇನ್ನೊಬ್ಬರು ಅದನ್ನು ತಿದ್ದಿ, ಬೆಳೆಸಿ, ನೂರಾರು ಜನರ ಪ್ರಶ್ನೆಗೆ ಉತ್ತರಿಸಿ ಗುರಿ ಮುಟ್ಟಿಸಿದರು. ಒಬ್ಬರ ಹೆಸರನ್ನು ಅಳಿಸಿ ಇನ್ನೊಬ್ಬರದನ್ನು ಬರೆಯುವ ಜಗಳ ಅವರಿಬ್ಬರ ನಡುವೆ ಇರಲಿಲ್ಲ. ನಮ್ಮ ಊರಿನವರು, ನಮ್ಮವರು ಎಂಬ ಅಭಿಮಾನ ಒಳ್ಳೆಯದೇ. ಆದರೆ ಆ ಅಭಿಮಾನವನ್ನು ಇನ್ನೊಬ್ಬರನ್ನು ಕೆಳಗಿಳಿಸುವ ಏಣಿಯನ್ನಾಗಿ ಮಾಡಿಕೊಂಡರೆ, ಮತವಿಲ್ಲದೆ, ಸಂಬಳವಿಲ್ಲದೆ ದುಡಿದ ರಾಯರಿಗೇ ಅದು ಅವಮಾನ.

ನರಸಿಂಗ ರಾಯರ ವಿಷಯವನ್ನು ತರಗತಿಯಲ್ಲಿ ಹೇಳದ ತಪ್ಪು ನನ್ನ ಮೇಲಿದೆ. ಅದಕ್ಕೆ ಇದು ತಡವಾದ ಪಾಠ. ಇಂದೂ ಶಾಲೆಗಳಲ್ಲಿ ಸಮಾಜ ಪಾಠ ಮಾಡುತ್ತಿರುವ ನನ್ನ ಕಿರಿಯ ಮಿತ್ರರು ಜನವರಿ 26ರಂದು ಮಕ್ಕಳ ಮುಂದೆ ಎರಡು ಹೆಸರನ್ನೂ ಒಟ್ಟಿಗೆ ಹೇಳಿದರೆ ನನ್ನ ಋಣ ಸ್ವಲ್ಪ ತೀರೀತು.